ಗಡಿಗೆಯೊಳಗಿನ ಕೊಂಬಿನ ಹುಳ

ಈಗಲೂ ಮೊಸರಿನ ಮುಚ್ಚಳ ತೆಗೆದರೆ ನಾನು ಮೊದಲು ಒಳಗೆ ಇಣುಕುತ್ತೇನೆ. ಎಂಬತ್ತು ದಾಟಿದವಳಿಗೆ ಇದೆಂಥ ಸಿಲ್ಲಿ ಚಟ ಎನ್ನಬಹುದು. ತಪ್ಪು ಮೊಸರಿನದಲ್ಲ, ಒಂದು ಸಿನಿಮಾದ್ದು. ಖರೇ ಹೇಳಬೇಕೆಂದರೆ, ನನ್ನದೇ.

ಆಗ ನನಗೆ ಒಂಬತ್ತು ವರ್ಷ. ಧಾರವಾಡದ ಕಾನ್ವೆಂಟಿನಲ್ಲಿ ಓದುತ್ತಿದ್ದೆ. ಒಂದು ಸಂಜೆ ಓಣಿಯ ಬಯಲಿನಲ್ಲಿ ಬಿಳಿ ಪರದೆ ಕಟ್ಟಿ ಆರೋಗ್ಯದ ಮೂಕಚಿತ್ರ ತೋರಿಸಿದರು. ಮೊದಲು ನಿಜವಾದ ಬಾವಿ, ನಿಜವಾದ ಎಮ್ಮೆ, ಗಡಿಗೆ ಹೊತ್ತ ನಿಜವಾದ ಹೆಂಗಸು. ಆಮೇಲೆ ಕ್ಯಾಮೆರಾ ಗಡಿಗೆಯೊಳಗೆ ಇಳಿಯಿತು ನೋಡಿ, ವಾಟ್ ಎ ಶಾಕ್! ಮಸಿಯಲ್ಲಿ ಬರೆದ ಕೊಂಬಿನ ಹುಳಗಳು ಕೈಕೈ ಹಿಡಿದು ಕುಣಿಯುತ್ತಿದ್ದವು. ಕಾರ್ಟೂನ್ ಎಂಬ ಮಾತೇ ಕೇಳದವರು ನಾವು. ಎಮ್ಮೆ ಖರೆಯಾದ ಮೇಲೆ ಹುಳವೂ ಖರೆಯೇ.

ನಡುನಡುವೆ ಇಂಗ್ಲಿಷ್ ಬರಹ ಬರುತ್ತಿತ್ತು. ಹೆಂಗಸರೆಲ್ಲ ನನ್ನತ್ತ ತಿರುಗಿದರು.

"ಏನ್ ಬರದಾರ, ಲಗೂ ಹೇಳ," ಅವ್ವ ತಿವಿದಳು.

ನಾನು ಮೂರು ಪದ ಕೂಡಿಸುವುದರೊಳಗೆ ಬರಹ ಮಾಯ. ಕಾನ್ವೆಂಟ್ ಹುಡುಗಿ ತಿಳಿಯಲಿಲ್ಲ ಎನ್ನುವುದುಂಟೇ? "ಹಳ್ಳಿ ಮಸರಾಗ ಈ ಹುಳಾ ಇರ್ತಾವಂತ," ಎಂದುಬಿಟ್ಟೆ.

ಮರುದಿನ ಮುಗದ ಹಳ್ಳಿಯಿಂದ ಬೆಳಗಿನ ರೈಲಿಗೆ ಫಕೀರವ್ವ ಬಂದಳು. ನಾನು ಹುಟ್ಟುವ ಮೊದಲಿನಿಂದ ನಮ್ಮ ಓಣಿಗೆ ಮೊಸರು ಹಾಕುತ್ತ ಬಂದವಳು. ಆರು ಮನೆಗಳಲ್ಲಿ ಬೇಡವೆನಿಸಿಕೊಂಡು, ತುಂಬಿದ ಗಡಿಗೆಯೊಂದಿಗೆ ನಮ್ಮ ಬಾಗಿಲಿಗೆ ಬಂದು ನಿಂತಿದ್ದಳು. ಅವ್ವನೂ ತಲೆ ಅಲ್ಲಾಡಿಸಿದಳು.

"ಬಾಯಾರ, ಈ ಓಣಿ ಕೂಸುಗಳು ನನ್ನ ಮಸರುಂಡ ಬೆಳದಾವ. ಯಾರ ತಲಿಮ್ಯಾಲ ಕೊಂಬು ಬಂದಾವ, ತೋರಸ್ರಿ!" ಎಂದು ನಗಿಸಲು ನೋಡಿದಳು. ಆಮೇಲೆ ನನ್ನತ್ತ ನೋಡಿದಳು. "ತಂಗಿ, ಓದಿದಾಕಿ ನೀನಂತ. ಹಂಗ ಬರದಿತ್ತೇನು?"

"ಇಲ್ಲ," ಎಂದೆ. "ನನಗ ಓದಾಕ ಆಗಲಿಲ್ಲ. ನಾನ ಕಟ್ಟಿ ಹೇಳಿದೆ."

ಹುಳ ಕಂಡಾಗಲೂ ಅವ್ವನ ಮುಖ ಅಷ್ಟು ಬಿಳಿಚಿರಲಿಲ್ಲ. ಫಕೀರವ್ವ ಬೈಯಲಿಲ್ಲ. ನನ್ನ ಮುಂಗೈ ಹಿಡಿದಳು. "ನಡಿ, ಮನಿಮನಿಗೂ ಹೇಳ ಬಾ."

ಪ್ರತಿ ಬಾಗಿಲಲ್ಲೂ ನನ್ನ ಸುಳ್ಳನ್ನು ಒಪ್ಪಿಕೊಂಡೆ. ಸಾಕ್ಷಿಗೆಂದು ಒಂದೊಂದು ಸೌಟು ಮೊಸರನ್ನು ಎಲ್ಲರೆದುರು ಕುಡಿದೆ. ಓಣಿ ಮುಗಿಯುವಾಗ ಅವಳ ಗಡಿಗೆ ಖಾಲಿ, ನನ್ನ ಹೊಟ್ಟೆ ನಗಾರಿ.

ಮುಂದೆ ಹುಬ್ಬಳ್ಳಿಗೆ ಮಾತಿನ ಸಿನಿಮಾ ಬಂತು. ಪರದೆ ಬಾಯಿಬಿಟ್ಟಿದ್ದಕ್ಕೆ ಊರೆಲ್ಲ ಬೆರಗಾದರೆ, ನಾನು ಮಾತ್ರ ನಿರಾಳವಾಗಿ ಉಸಿರುಬಿಟ್ಟೆ. ಸದ್ಯ, ಇನ್ನು ತನ್ನ ಮಾತನ್ನು ಅದೇ ಆಡಿಕೊಳ್ಳಲಿ.