ಪ, ಬ, ಮ ಬಿಟ್ಟು ನಗಿಸುವ ಮುನಿತಾಯಮ್ಮ

ಬೆಳಗಿನ ಆರಕ್ಕೆ ಇನ್ನೂ ಹತ್ತು ನಿಮಿಷ ಇದೆ. ದೊಡ್ಡಬಳ್ಳಾಪುರದ ಹಳೇ ಬೀದಿಯೊಂದರಲ್ಲಿ ಕೆಳಗೆ ಹಿಟ್ಟಿನ ಗಿರಣಿ, ಮೇಲೆ ಸಮುದಾಯ ರೇಡಿಯೊ ಕೇಂದ್ರ. ಗೋಡೆಗೆಲ್ಲ ದಪ್ಪ ಸ್ಪಂಜು ಬಡಿದ ಪುಟ್ಟ ಕೋಣೆಯಲ್ಲಿ ಮುನಿತಾಯಮ್ಮ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ ಮೈಕಿನ ಮುಂದೆ ನಿಂತಿದ್ದಾರೆ. ಪಕ್ಕದಲ್ಲೇ ಕುರ್ಚಿ ಇದೆ, ಕೂರುವುದಿಲ್ಲ. "ನಾನು ಕೂತ್ರೆ ಮಾತೂ ಹೊಟ್ಟೇಲೇ ಕೂತ್ಬಿಡ್ತದೆ ಸಾರ್" ಎನ್ನುತ್ತಾರೆ.

ಗಾಜಿನ ಆಚೆ ಕುಳಿತಿರುವ ಕೇಂದ್ರದ ಉಸ್ತುವಾರಿ ರಂಜಿತ ಕೈ ಎತ್ತುತ್ತಾರೆ. ಕೆಂಪು ದೀಪ ಹತ್ತುತ್ತದೆ.

"ಏನ್ರಣ್ಣ, ಎದ್ರಾ? ಹಸು ಕರೆದ್ರಾ? ಡೈರಿಗೆ ಹಾಲು ಹಾಕಿದ್ರಾ? ಹಾಲೆಷ್ಟು, ನೀರೆಷ್ಟು? ನಿಜ ಹೇಳಿ, ಸಾಕಕ್ಕ ಕೇಳ್ತಾ ಇದಾಳೆ."

ರೇಡಿಯೊದಲ್ಲಿ ಮುನಿತಾಯಮ್ಮನ ಹೆಸರು ಸಾಕಕ್ಕ. ಅರ್ಧ ಗಂಟೆಯ ಈ ಕಾರ್ಯಕ್ರಮಕ್ಕೆ ಒಂದು ನಿಯಮವಿದೆ. ಮುನಿತಾಯಮ್ಮ ಪ, ಬ, ಮ ಎಂಬ ಮೂರು ಅಕ್ಷರಗಳನ್ನು ಬಳಸದೆ ಮಾತಾಡಬೇಕು. ಬಾಯಿ ತಪ್ಪಿ ಒಂದು ಜಾರಿದರೂ ಕೇಳುಗರು ಫೋನ್ ಮಾಡಿ ಹಿಡಿಯಬಹುದು. ಡೈರಿಯ ಸಾಲಿನಲ್ಲಿ ಕ್ಯಾನ್ ಹಿಡಿದವರು, ಮಗ್ಗದ ಮನೆಗೆ ಹೊರಟವರು, ಹೂವು ಕಟ್ಟುತ್ತಿರುವವರು ಕಿವಿ ನೆಟ್ಟಿರುತ್ತಾರೆ. ದಿನಕ್ಕೆ ಹತ್ತು ಹದಿನೈದು ಕರೆ ಬರುತ್ತವೆ. ಹವೆ ಚೆನ್ನಾಗಿದ್ದರೆ ಮಧುರೆ ಹೋಬಳಿಯ ಕಡೆಗೂ ದನಿ ಮುಟ್ಟುತ್ತದೆ.

ಇವತ್ತಿನ ಮೊದಲ ಕರೆ ಪಾಪಯ್ಯನವರದು. ದಿನವೂ ಬಲೆ ಬೀಸುವ ಕೇಳುಗ ಇವರು. "ಸಾಕಕ್ಕ, ನನ್ನ ಹೆಸರೇನು ಹೇಳು ನೋಡೋಣ" ಎಂದು ಶುರು ಮಾಡುತ್ತಾರೆ.

"ಹೆಸರು ಗೊತ್ತಯ್ಯ, ಆದ್ರೆ ಹೇಳಲ್ಲ. ಗಂಡನ ಹೆಸರೇ ಹೇಳದೋಳು ನಿಂದು ಹೇಳ್ತೀನಾ?"

ಆ ಕಡೆಯಿಂದ ಪಾಪಯ್ಯ ಕೆಮ್ಮು ಬರುವವರೆಗೆ ನಗುತ್ತಾರೆ. ಗಾಜಿನ ಆಚೆ ರಂಜಿತ ಬಾಯಿಗೆ ದುಪಟ್ಟಾ ಒತ್ತಿಕೊಳ್ಳುತ್ತಾರೆ. ಕಾರ್ಯಕ್ರಮ ಮುಗಿದ ಮೇಲೆ, ಹಿರಿಯರನ್ನೂ ಏಕವಚನದಲ್ಲಿ ಕರೆದರೆ ಬೇಜಾರಾಗುವುದಿಲ್ಲವೇ ಎಂದು ಕೇಳಿದೆ. "‘ನಿಮ್ಮ’ ಅನ್ನೋಕೆ ‘ಮ’ ಬೇಕು. ಮರ್ಯಾದೆಗೂ ಮೊದ್ಲು ‘ಮ’ನೇ ಬೇಕು. ನಾನೇನ್ ಮಾಡ್ಲಿ ಹೇಳಿ" ಎಂದು ಬಲಗಡೆಯ ತುಟಿಯನ್ನಷ್ಟೇ ಮೇಲೆತ್ತಿ ನಗುತ್ತಾರೆ. ಎಡಗಡೆಯ ತುಟಿ ಸ್ವಲ್ಪ ತಡವಾಗಿ ಹಿಂಬಾಲಿಸುತ್ತದೆ.

ಐವತ್ತೆಂಟರ ಮುನಿತಾಯಮ್ಮ ಮಧುರೆ ಹೋಬಳಿಯ ರಾಗಿ ಹೊಲದ ಮನೆಯವರು. ರಾಮಾಂಜಿನಪ್ಪನವರನ್ನು ಮದುವೆಯಾಗಿ ದೊಡ್ಡಬಳ್ಳಾಪುರಕ್ಕೆ ಬಂದರು. ಗಂಡ ವಿದ್ಯುತ್ ಮಗ್ಗ ನಡೆಸುತ್ತಿದ್ದ ಶೆಡ್ಡಿನಲ್ಲೇ ಇವರು ಲಾಳಿಯೊಳಗಿನ ಕಂಡಿಕೆಗೆ ನೂಲು ಸುತ್ತುವ ಕೆಲಸಕ್ಕೆ ಸೇರಿದರು. ಮಗ್ಗದ ಸದ್ದಿನಲ್ಲಿ ಪಕ್ಕದವರಿಗೆ ಏನು ಹೇಳಬೇಕಿದ್ದರೂ ಹುಬ್ಬು, ತುಟಿ, ಕೈಯಲ್ಲೇ ಹೇಳಬೇಕು, ಇಲ್ಲವೇ ಗಂಟಲು ಹರಿಯುವಂತೆ ಕೂಗಬೇಕು. ಮುನಿತಾಯಮ್ಮನಿಗೆ ಎರಡೂ ನೀರು ಕುಡಿದಷ್ಟು ಸಲೀಸಾದವು. ಮಾಲೀಕರು ಸೀರೆಯ ಅಂಚು ನೋಡುವ ಚಂದ, ಅವರ ಹೆಂಡತಿ ಮೂಗು ಮುರಿಯುವ ರೀತಿ ಎಲ್ಲವನ್ನೂ ಮುಖದಲ್ಲೇ ಆಡಿ ತೋರಿಸುತ್ತಿದ್ದರು. "ಆ ಸದ್ದಲ್ಲಿ ನಗು ಕೇಳ್ಸಲ್ಲ ಸಾರ್, ಬರೀ ಹಲ್ಲು ಕಾಣ್ತವೆ. ಶೆಡ್ಡು ತುಂಬಾ ಹಲ್ಲು" ಎಂದು ನೆನೆಯುತ್ತಾರೆ.

ಬೆಂಗಳೂರಿನ ರೇಡಿಯೊ ಅವರನ್ನು ಮೊದಲು ಕಂಡುಕೊಂಡದ್ದು ಕರೆಂಟು ಹೋದ ಒಂದು ಮಧ್ಯಾಹ್ನ. ನೇಯ್ಗೆಯವರ ಬದುಕಿನ ಬಗ್ಗೆ ಗ್ರಾಮೀಣ ಕಾರ್ಯಕ್ರಮ ಮಾಡಲು ಭಾನುಪ್ರಕಾಶ್ ಎಂಬ ನಿರ್ಮಾಪಕರು ಬೆಂಗಳೂರಿನಿಂದ ಬಂದು ಶೆಡ್ಡಿನ ಬಾಗಿಲಲ್ಲಿ ಮಾಲೀಕರ ಜೊತೆ ನಿಂತಿದ್ದರು. ಒಳಗೆ ಮುನಿತಾಯಮ್ಮ ಮಾಲೀಕರನ್ನು ಅಣಕಿಸಿ ಅವರ ದನಿಯಲ್ಲೇ ಕೂಗುತ್ತ ಒಬ್ಬರನ್ನು ಗದರಿಸುತ್ತಿದ್ದರು. ಇದ್ದಕ್ಕಿದ್ದಂತೆ ಮಗ್ಗಗಳೆಲ್ಲ ನಿಂತವು. ಇವರ ಕೂಗು ಮಾತ್ರ ಉಳಿಯಿತು.

"ಭೂಮಿ ಬಾಯ್ಬಿಡಲಿ ಅಂದ್ಕೊಂಡೆ. ಮಾಲೀಕ್ರು ಒಳಗೆ ಬಂದು, ‘ನಿಲ್ಲಿಸ್ಬೇಡ ಕಣಮ್ಮ, ಮುಂದಕ್ಕೆ ಬೈಯಿ, ನಾನೂ ಕಲ್ತ್ಕೋತೀನಿ’ ಅಂದ್ರು."

ಭಾನುಪ್ರಕಾಶ್ ಧ್ವನಿಪರೀಕ್ಷೆಗೆ ಬರಲು ಹೇಳಿ ಹೋದರು. ಪರೀಕ್ಷೆಯ ದಿನ ಮುನಿತಾಯಮ್ಮ ಮೊದಲ ವಾಕ್ಯ ಹೇಳಿದ ಕೂಡಲೇ ಗಾಜಿನ ಆಚೆಯ ತಂತ್ರಜ್ಞರು ಹೆಡ್‌ಫೋನ್ ಕಿತ್ತು ಮೇಜಿನ ಮೇಲಿಟ್ಟರಂತೆ. ಮಗ್ಗಗಳ ನಡುವೆ ಪಳಗಿದ ಗಂಟಲು ಅದು. ಭಾನುಪ್ರಕಾಶ್ ಒಳಗೆ ಬಂದು ಮೈಕು ತೋರಿಸಿ, "ಅಮ್ಮಾ, ಇದು ಮಗ್ಗ ಅಲ್ಲ, ಕಿವಿ. ಗುಟ್ಟು ಹೇಳೋ ಥರ ಹೇಳಿ" ಎಂದರು. ಆ ಮಾತನ್ನು ಈಗಲೂ ಅವರ ದನಿಯಲ್ಲೇ ಹೇಳಿ ತೋರಿಸುತ್ತಾರೆ.

ಹಾಗೆ ಹುಟ್ಟಿದವಳು ‘ಸಾಲದ ಸಾಕಮ್ಮ’. ಹೆಸರಿನಲ್ಲೇ ‘ಸಾಕು’ ಇದ್ದರೂ ಏನು ಕೊಟ್ಟರೂ ಸಾಲದು ಎನ್ನುವ ಹೆಂಗಸು. ಮಳೆ ಬಂದರೆ ಸಾಲದು, ಬಿಸಿಲು ಬಂದರೆ ಸಾಲದು, ಮದುವೆ ಊಟದಲ್ಲಿ ಹೋಳಿಗೆಯಂತೂ ಎಂದೂ ಸಾಲದು. ಸಾಕಮ್ಮ ವಾರಕ್ಕೊಂದು ದಿನ ರೇಡಿಯೊದಲ್ಲಿ ಗೊಣಗುತ್ತ ವರ್ಷಗಳನ್ನೇ ಕಳೆದಳು. ಮುನಿತಾಯಮ್ಮ ಮಾತ್ರ ರೆಕಾರ್ಡಿಂಗ್ ಮುಗಿಸಿ, ಬಸ್ಸು ಹತ್ತಿ ಬಂದು, ಮತ್ತೆ ನೂಲು ಸುತ್ತುತ್ತಿದ್ದರು. ಬಸ್ಸಿನಲ್ಲಿ ಪಕ್ಕ ಕುಳಿತವರು ಸಾಕಮ್ಮನ ಮಾತನ್ನು ಇವರಿಗೇ ಹೇಳಿ ನಗಿಸಲು ನೋಡಿದ್ದೂ ಇದೆ.

ರಂಗಕ್ಕೆ ಕರೆತಂದವರು ಚಲಪತಿ ಮೇಷ್ಟ್ರು. ದೊಡ್ಡಬೆಳವಂಗಲದ ಸುತ್ತಿನ ಹಳ್ಳಿಗಳಲ್ಲಿ ಹಾರ್ಮೋನಿಯಂ ನುಡಿಸಿ ಪೌರಾಣಿಕ ನಾಟಕ ಕಲಿಸುವವರು ಅವರು. ಹಾಸ್ಯದ ಪಾತ್ರವೆಂದರೆ ಗಂಡಸರದು ಎಂದೇ ಎಲ್ಲರೂ ನಂಬಿದ್ದ ಕಾಲ. ಮೇಷ್ಟ್ರು ಮನೆಗೆ ಬಂದು ಕೇಳಿದಾಗ ಅತ್ತೆ ಒಳಗೆ ಹೋಗಿ ಕದ ಹಾಕಿಕೊಂಡರು. ರಾಮಾಂಜಿನಪ್ಪ ಮಾತ್ರ, "ಮನೇಲಿ ನನ್ನೊಬ್ನಿಗೇ ಹೇಳೋದನ್ನ ಅಲ್ಲಿ ಊರಿಗೆಲ್ಲ ಹೇಳ್ತಾಳೆ. ಹೇಳ್ಲಿ ಬಿಡಿ, ನನಗೂ ರಜ ಸಿಗ್ತದೆ" ಎಂದರು.

ರಾಮಾಂಜಿನಪ್ಪನವರ ಬಗ್ಗೆ ಒಂದು ಮಾತು ಹೇಳಲೇಬೇಕು. ಇವರು ನಗುವವರಲ್ಲ. ಪೆಂಡಾಲು ಪೂರ್ತಿ ಹೊಟ್ಟೆ ಹಿಡಿದುಕೊಂಡಾಗಲೂ ಇವರೊಬ್ಬರು ಕೈಕಟ್ಟಿ ಕುಳಿತಿರುತ್ತಾರೆ. ಕೇಳಿದರೆ ಕಾರಣವೂ ಇದೆ: "ನಾನು ಮನೇಲಿ ಮೊದ್ಲೇ ಕೇಳಿರ್ತೀನಲ್ಲ ಸಾರ್, ಅಲ್ಲಿಗೆ ಹೋಗೋ ಹೊತ್ಗೆ ಹಳೇದಾಗಿರ್ತದೆ." ಹೆಂಡತಿಯನ್ನು ನಸುಕಿನಲ್ಲಿ ಮೊಪೆಡ್ ಮೇಲೆ ರೇಡಿಯೊಗೆ ಕರೆತರುವವರೂ ಇವರೇ.

ನಾಟಕ ನೋಡಿದ ಯಾರೋ ಹೇಳಿ, ಒಂದು ಧಾರಾವಾಹಿಯವರು ಕರೆ ಮಾಡಿದರು. ನೆರೆಮನೆಯ ಅಜ್ಜಿಯ ಪಾತ್ರ, ಮೊದಲ ದಿನ ಮೂರೇ ಮೂರು ಮಾತು. "ಸ್ಟೇಜಲ್ಲಿ ಹಿಂದಿನ ಸಾಲಿಗೂ ಕಾಣೋ ಹಂಗೆ ಹುಬ್ಬು ಹಾರಿಸ್ತಿದ್ದೆ. ಡೈರೆಕ್ಟರು, ‘ಅಜ್ಜಿ, ಕ್ಯಾಮೆರಾ ನಿಮ್ಮ ಮೂಗಿನ ಹತ್ರಾನೇ ಐತೆ, ಸ್ವಲ್ಪ ಸಣ್ಣಕೆ ಹಾರಿಸಿ’ ಅಂದ್ರು" ಎನ್ನುತ್ತಾರೆ. ಸಣ್ಣಕೆ ಹಾರಿಸುವುದನ್ನೂ ಕಲಿತರು. ಮೂರು ಮಾತು ಮೂವತ್ತಾದವು. ಸಂತೆಯಲ್ಲಿ ತರಕಾರಿಯವರು ಅಜ್ಜಿ ಎಂದು ಕರೆದು ಒಂದು ಹಿಡಿ ಕೊತ್ತಂಬರಿ ಹೆಚ್ಚಿಗೆ ಹಾಕತೊಡಗಿದರು.

ಒಂದು ಬೆಳಿಗ್ಗೆ ಮೇಕಪ್ ಮಾಡುವ ಹುಡುಗಿ, "ಅಜ್ಜಿ, ಕಣ್ಣು ಮುಚ್ಚಿ" ಎಂದಳು. ಮುಚ್ಚಿದ್ದೇನೆ ಎಂದರು ಮುನಿತಾಯಮ್ಮ. ಎಡಗಣ್ಣು ತೆರೆದೇ ಇತ್ತು. ಕನ್ನಡಿಯಲ್ಲಿ ನೋಡಿಕೊಂಡರೆ ಎಡಗಡೆಯ ಕೆನ್ನೆ, ತುಟಿ ಜೋತುಬಿದ್ದಿದ್ದವು. ಮುಖದ ನರ ಊದಿಕೊಂಡಿದೆ, ತಿಂಗಳುಗಟ್ಟಲೆ ಆಗಬಹುದು, ಪೂರ್ತಿ ಸರಿಹೋಗದೆಯೂ ಇರಬಹುದು ಎಂದರು ವೈದ್ಯರು. ಹುಬ್ಬು, ತುಟಿಯನ್ನೇ ನಂಬಿ ಬದುಕಿದ್ದವರಿಗೆ ಅರ್ಧ ಮುಖ ಕೈಕೊಟ್ಟಿತ್ತು. "ಸೀರಿಯಲ್ಲಲ್ಲಿ ಅಜ್ಜಿ ಕಾಶಿಗೆ ಹೋದ್ಲು ಅಂತ ತೋರಿಸಿದ್ರು. ಇವತ್ಗೂ ವಾಪಸ್ ಕರೆಸಿಲ್ಲ. ಇನ್ನೂ ಅಲ್ಲೇ ಸ್ನಾನ ಮಾಡ್ತಾ ಇರಬೇಕು" ಎಂದು ಈಗ ನಗುತ್ತಾರೆ. ಆಗ ಕೋಣೆಯಿಂದ ಹೊರಗೇ ಬರುತ್ತಿರಲಿಲ್ಲ. ಕನ್ನಡಿಯ ಮೇಲೆ ಟವೆಲ್ ಹಾಕಿಟ್ಟಿದ್ದರು. ತುಟಿ ಕೂಡದೆ ಹುಟ್ಟದ ಪ, ಬ, ಮ ಅಕ್ಷರಗಳು ಬಾಯಿಂದ ಮಾಯವಾಗಿದ್ದವು. ತಮ್ಮ ಹೆಸರನ್ನೇ ಹೇಳಿಕೊಳ್ಳಲು ಆಗುತ್ತಿರಲಿಲ್ಲ.

ಒಂದು ಮಧ್ಯಾಹ್ನ ರಾಮಾಂಜಿನಪ್ಪ ಅಡುಗೆ ಮನೆಯಿಂದ, "ಏನು ಮಾಡ್ಲಿ ಊಟಕ್ಕೆ?" ಎಂದು ಕೇಳಿದರು. ಮುನಿತಾಯಮ್ಮನಿಗೆ ಹೇಳಬೇಕಿದ್ದದ್ದು ಮುದ್ದೆ, ಬಸ್ಸಾರು. ಬಾಯಿಂದ ಬಂದದ್ದು "ಉದ್ದೆ, ಅಸ್ಸಾರು".

"ಅವ್ರು ನಕ್ರು ಸಾರ್. ಮದುವೆ ಆದಾಗಿಂದ ಮೊದಲ್ನೇ ಸಲ ಆ ಮನುಷ್ಯನ ಹಲ್ಲು ನೋಡಿದೆ. ನಕ್ಕು, ಆಮೇಲೆ ಕಳ್ಳನ ಥರ ತಲೆ ತಗ್ಗಿಸಿ, ‘ತಪ್ಪಾಯ್ತು ಕಣೇ’ ಅಂದ್ರು. ಕಣ್ಣಲ್ಲಿ ನೀರು ಬಂದಿತ್ತು. ನಾನು, ‘ತಪ್ಪಲ್ಲ ರೀ, ಇನ್ನೊಂದ್ಸಲ ನಗಿ’ ಅಂದೆ. ‘ತಪ್ಪಲ್ಲ’ ಅನ್ನೋದೂ ‘ತ-ಅಲ್ಲ’ ಅಂತ ಬಂತು. ಅದ್ಕೂ ನಕ್ರು. ಇವ್ರೇ ನಕ್ಕ ಮೇಲೆ ಇದ್ರಲ್ಲಿ ಏನೋ ಐತೆ ಅನ್ನಿಸ್ತು."

ಅದೇ ವಾರ ರಂಜಿತ ಮನೆಗೆ ಬಂದರು. ಸಮುದಾಯ ರೇಡಿಯೊ ಆಗಷ್ಟೇ ಶುರುವಾಗಿತ್ತು. ಚಿಕ್ಕವರಿದ್ದಾಗ ಅಜ್ಜಿಯ ಜೊತೆ ಸಾಕಮ್ಮನನ್ನು ಕೇಳಿ ಬೆಳೆದವರು ಅವರು. ಮೂರು ಅಕ್ಷರ ಬರುವುದಿಲ್ಲವೆಂದು ಮುನಿತಾಯಮ್ಮ ಕೈಸನ್ನೆಯಲ್ಲೂ ಮಾತಿನಲ್ಲೂ ತಿಳಿಸಿದರು. ರಂಜಿತ ಸ್ವಲ್ಪ ಯೋಚಿಸಿ, "ಉಳಿದವು ಬರ್ತವಲ್ಲ ಅಮ್ಮ, ಅಷ್ಟರಲ್ಲೇ ಮಾತಾಡಿ" ಎಂದರು. ಗಂಡ ಹೆಂಡತಿ ಇಬ್ಬರೂ ಕೂತು ಮಾತು ಹುಡುಕಿದರು. ಬೆಳಗಾಯ್ತು ಅನ್ನುವಂತಿಲ್ಲ, ಹೊತ್ತು ಹುಟ್ಟಿತು ಅನ್ನಬಹುದು. ಮಳೆ ಅನ್ನುವಂತಿಲ್ಲ, ಆಕಾಶದ ನೀರು ಅನ್ನಬಹುದು. ಸಾಕಮ್ಮ ಅನ್ನುವಂತಿಲ್ಲ. ಅವಳು ಸಾಕಕ್ಕ ಆದಳು.

ಕಾರ್ಯಕ್ರಮ ಶುರುವಾಗಿ ಕೆಲವೇ ದಿನಕ್ಕೆ ಒಬ್ಬ ಕೇಳುಗರು ಈ ಗುಟ್ಟು ಹಿಡಿದು ಫೋನ್ ಮಾಡಿದರು. ಮುಚ್ಚಿಡುವುದು ಬೇಡವೆಂದು ಮುನಿತಾಯಮ್ಮ ಇದ್ದದ್ದನ್ನು ಇದ್ದಂತೆ ಹೇಳಿಬಿಟ್ಟರು. ಮರುದಿನದಿಂದ ಅದೇ ಆಟವಾಯಿತು. ಆಟ ಆಡುತ್ತಾಡುತ್ತ, ಕೆನ್ನೆ ಉಬ್ಬಿಸುವ ಕಸರತ್ತು ಮಾಡುತ್ತ, ವರ್ಷ ಕಳೆಯುವುದರೊಳಗೆ ಅಕ್ಷರಗಳು ಒಂದೊಂದಾಗಿ ಮರಳಿದವು. ಮೊದಲು ಬಂದದ್ದು ‘ಮ’. "ಬಂದ ತಕ್ಷಣ ಮನೆಯೆಲ್ಲ ಓಡಾಡ್ಕೊಂಡು ಮುದ್ದೆ, ಮಜ್ಜಿಗೆ, ಮೂಲಂಗಿ ಅಂತ ಕೂಗಿದೆ" ಎನ್ನುತ್ತಾರೆ. ಈಗ ಮೂರೂ ಸರಾಗ. ಆದರೂ ಕೇಳುಗರು ಆಟ ಬಿಡಲು ಒಪ್ಪುವುದಿಲ್ಲ.

ಚಲಪತಿ ಮೇಷ್ಟ್ರು ಮತ್ತೆ ಬಣ್ಣ ಹಚ್ಚಲು ಕರೆದಾಗ ಮುನಿತಾಯಮ್ಮ ಹೆದರಿದ್ದರು. ರೇಡಿಯೊದಲ್ಲಿ ಮುಖ ಕಾಣುವುದಿಲ್ಲ, ಇಲ್ಲಿ ಕಾಣುತ್ತದೆ. ದೊಡ್ಡಬೆಳವಂಗಲದಲ್ಲಿ ಹಗಲು ನಾಟಕ. ಬಲಗಡೆಯ ಮುಖವನ್ನಷ್ಟೇ ಜನರಿಗೆ ತೋರಿಸುತ್ತ ರಂಗಕ್ಕೆ ಬಂದರು. ಒಂದು ಗಳಿಗೆ ನಿಂತು, ನಿಧಾನವಾಗಿ ಪೂರ್ತಿ ತಿರುಗಿದರು. ಮುಂದಿನ ಸಾಲಿನ ಹೆಂಗಸೊಬ್ಬರು "ಅಯ್ಯೋ" ಎಂದದ್ದು ಕೇಳಿಸಿತು. ಮುನಿತಾಯಮ್ಮ ಬಲಗೆನ್ನೆ ಮುಟ್ಟಿಕೊಂಡು, "ಈ ಅರ್ಧ ನಂದು" ಎಂದರು. ಎಡಗೆನ್ನೆ ಮುಟ್ಟಿ, "ಈ ಅರ್ಧ ನಮ್ಮತ್ತೇದು. ಅವ್ರು ಬದುಕಿದ್ದಾಗ್ಲೂ ನಕ್ಕೋರಲ್ಲ" ಎಂದರು.

"ಜನ ಎಷ್ಟು ನಕ್ರು ಅಂದ್ರೆ, ನಾನು ಹಾರ್ಮೋನಿಯಂ ನುಡಿಸೋದು ನಿಲ್ಲಿಸ್ಬಿಟ್ಟೆ" ಎನ್ನುತ್ತಾರೆ ಚಲಪತಿ ಮೇಷ್ಟ್ರು. "‘ಅಯ್ಯೋ’ ಅಂದ ಆ ಯಮ್ಮ ಎಲ್ರಿಗಿಂತ ಜೋರಾಗಿ ನಗ್ತಿದ್ರು."

ಈಗ ಮುನಿತಾಯಮ್ಮನ ಸಂಜೆಗಳಿಗೆ ಹೊಸ ಕೆಲಸವಿದೆ. ಮಗ್ಗದ ಶೆಡ್ಡುಗಳ ಏಳೆಂಟು ಹೆಂಗಸರು ಸೇರಿ ತಂಡ ಕಟ್ಟಿದ್ದಾರೆ. ಪೂರ್ತಿ ಹಾಸ್ಯ ನಾಟಕ, ಗಂಡಸರ ಪಾತ್ರವೂ ಹೆಂಗಸರದೇ. ಕಲಿಸುವವರು ಮುನಿತಾಯಮ್ಮ. ನಾನು ಹೋದ ದಿನ, ಗೌಡರ ಪಾತ್ರದ ಹೆಂಗಸಿನ ಅಂಟು ಮೀಸೆ ಕಳಚಿ ಹೆಂಡತಿ ಪಾತ್ರದವರ ಕೆನ್ನೆಗೆ ಅಂಟಿಕೊಂಡಿತು. ಅಭ್ಯಾಸ ಅಲ್ಲಿಗೇ ನಿಂತಿತು. ಮುನಿತಾಯಮ್ಮ ಮಾತ್ರ, "ಇದನ್ನ ಬಿಡ್ಬೇಡ್ರಮ್ಮ, ನಾಟಕಕ್ಕೆ ಸೇರಿಸೋಣ" ಎಂದು ಇನ್ನೊಮ್ಮೆ ಮಾಡಿಸುತ್ತಿದ್ದರು.

ಮುಂದಿನ ತಿಂಗಳು ಮೊದಲ ಪ್ರದರ್ಶನ. ತಮಗಾಗಿ ಒಂದು ಪಾತ್ರವನ್ನೂ ಇಟ್ಟುಕೊಂಡಿಲ್ಲ. ಗುರುಗಳಿಗೆಂದು ತಂಡದವರು ಮುಂದಿನ ಸಾಲಿನಲ್ಲಿ ಕುರ್ಚಿ ಹಾಕಿಸುತ್ತೇವೆ ಎಂದರೆ ಅದನ್ನೂ ಬೇಡವೆಂದಿದ್ದಾರೆ. ಯಾಕೆ ಎಂದು ಕೇಳಿದೆ.

"ರೇಡಿಯೋದಲ್ಲಿ ಜನ ಕಾಣ್ಸಲ್ಲ. ಸ್ಟೇಜ್ ಮೇಲೆ ಕಾಣ್ತಾರೆ, ಆದ್ರೆ ಎದುರುಗಡೆ ಇರ್ತಾರೆ. ಇಷ್ಟು ವರ್ಷದಲ್ಲಿ ಅವ್ರ ಪಕ್ಕ ಕೂತು ನಕ್ಕೇ ಇಲ್ಲ ಸಾರ್ ನಾನು. ಆವತ್ತು ನಡುಮಧ್ಯೆ ಚಾಪೆ ಮೇಲೆ ಕೂತ್ಕೋತೀನಿ. ಪಕ್ಕದೋರು ನಗ್ತಾ ನಗ್ತಾ ನನ್ನ ತೊಡೆ ಮೇಲೆ ಒಂದೇಟು ಹೊಡೀಬೇಕು. ಅಷ್ಟೇ ನನ್ನಾಸೆ."