ಬಾಗಿಲು ತಟ್ಟುವ ಪಾದ್ರಿ

ಬೆಳಗಿನ ಏಳು ಗಂಟೆ, ಇನ್ನೂ ಕತ್ತಲೆ. ಫೆಬ್ರವರಿಯಲ್ಲಿ ನಾರ್ವೆಯ ನಮ್ಮ ಸ್ಕಾರ್ವೊಯಿ ದ್ವೀಪದಲ್ಲಿ ಇದನ್ನು ಬೆಳಗು ಎಂದು ಕರೆಯುವುದು ಗಡಿಯಾರಕ್ಕೆ ಮರ್ಯಾದೆ ಕೊಡಲಿಕ್ಕೆ ಮಾತ್ರ. ಬಂದರಿನ ಮೇಲಿನ ಹಳದಿ ಮನೆಯ ಮುಂದೆ ಚಿತ್ರೀಕರಣದ ದೀಪಗಳು ಉರಿಯುತ್ತಿವೆ. ಕಪ್ಪು ಕೋಟು, ಬಿಳಿ ಕಾಲರ್ ತೊಟ್ಟ ಉದ್ದನೆಯ ಮುದುಕರೊಬ್ಬರು ಮೆಟ್ಟಿಲ ಬುಡದಲ್ಲಿ ನಿಂತು ಬೂಟಿಗಂಟಿದ ಹಿಮವನ್ನು ಉಜ್ಜಿ ಉಜ್ಜಿ ತೆಗೆಯುತ್ತಿದ್ದಾರೆ. ಕ್ಯಾಮೆರಾ ಇನ್ನೂ ಓಡುತ್ತಿಲ್ಲ, ಉಜ್ಜಿರೆಂದು ಯಾರೂ ಹೇಳಿಯೂ ಇಲ್ಲ.

"ಐಲಿವ್, ಬೂಟು ಕಾಣಿಸೋದೇ ಇಲ್ಲ ಮಾರಾಯ್ರೇ!" ನಿರ್ದೇಶಕಿ ರಗ್ನೆ ಕೂಗುತ್ತಾಳೆ. ಚಳಿಗೆ ಅವಳ ಮೂಗು ಕೆಂಪಗಾಗಿದೆ.

"ನಿನ್ನ ಕ್ಯಾಮೆರಾಗಲ್ಲ ತಾಯೀ. ಒಳಗಿರೋರ ನೆಲ ಕೊಳೆ ಆಗ್ಬಾರ್ದು" ಎನ್ನುತ್ತಾರೆ ಇವರು.

ಪೊಲೀಸರ ವೇಷದ ಇಬ್ಬರು ಹುಡುಗರು ಪಕ್ಕಕ್ಕೆ ನಿಲ್ಲುತ್ತಾರೆ. ಐಲಿವ್ ಮೆಟ್ಟಿಲು ಹತ್ತಿ ಬಾಗಿಲನ್ನು ಎರಡು ಸಲ ತಟ್ಟುತ್ತಾರೆ, ಜೋರಾಗಿ ಅಲ್ಲ, ಮಲಗಿದ ಮಗು ಏಳದಷ್ಟು ಮೆಲ್ಲಗೆ. ಟೋಪಿ ತೆಗೆಯುತ್ತಾರೆ. ಆಮೇಲೆ ಒಂದು ಮೆಟ್ಟಿಲು ಕೆಳಕ್ಕಿಳಿಯುತ್ತಾರೆ. ಬಾಗಿಲು ತೆರೆದವರಿಗೆ ಮೊದಲು ಕಾಣಬೇಕಾದದ್ದು ಕಾಲರ್, ಮುಖವಲ್ಲ ಎಂಬುದು ಅವರ ಲೆಕ್ಕಾಚಾರ. ಬಾಗಿಲು ತೆರೆಯುತ್ತದೆ. ಒಳಗಿನ ನಟಿ ಇವರನ್ನು ಕಂಡವಳೇ ಬಾಯಿಗೆ ಕೈ ಅಡ್ಡ ಹಿಡಿಯುತ್ತಾಳೆ. ಕಟ್. ಇವರ ಇವತ್ತಿನ ಕೆಲಸ ಅಲ್ಲಿಗೆ ಮುಗಿಯಿತು.

"ಇವರ ಮುಖ ನೋಡಿದ್ರೆ ಸಾಕು ಕಣ್ರೀ" ಎಂದು ಆ ನಟಿ ಕಣ್ಣೊರೆಸಿಕೊಂಡು ನಗುತ್ತಾಳೆ. "ಅಳೋಕೆ ನಾನೇನೂ ಕಷ್ಟಪಡ್ಬೇಕಾಗಿಲ್ಲ."

ಐಲಿವ್ ನೂರ್ಬಾಕ್ ಅವರಿಗೆ ಈಗ ಎಪ್ಪತ್ತೊಂದು. ನಲವತ್ತು ವರ್ಷಗಳಿಂದ ಪರದೆಯ ಮೇಲಿದ್ದಾರೆ. ಅವರ ಮುಖ ಗೊತ್ತಿಲ್ಲದ ಮನೆ ನಾರ್ವೆಯಲ್ಲಿಲ್ಲ. ಹೆಸರು ಗೊತ್ತಿರುವ ಮನೆಯೂ ಇಲ್ಲ. ಕೊಲೆ ಪತ್ತೆಯ ಧಾರಾವಾಹಿ ಬರಲಿ, ಹಡಗು ಮುಳುಗಿದ ಸಿನಿಮಾ ಬರಲಿ, ಯುದ್ಧದ ಕತೆಯೇ ಬರಲಿ, ಸಾವಿನ ಸುದ್ದಿ ಹೊತ್ತು ಮನೆ ಬಾಗಿಲಿಗೆ ಒಬ್ಬ ಪಾದ್ರಿ ಬರಲೇಬೇಕಲ್ಲ, ಆ ಪಾದ್ರಿ ಇವರೇ. ನಮ್ಮ ಕಡೆ ಅಂಥ ಸುದ್ದಿಯನ್ನು ಪಾದ್ರಿಯೇ ತರಬೇಕು. ಫೋನಿನಲ್ಲಿ ಹೇಳುವುದಿಲ್ಲ, ನೆಂಟರ ಬಾಯಲ್ಲಿ ಹೇಳಿಸುವುದಿಲ್ಲ. ವಾರದ ದಿನ ಪಾದ್ರಿ ಕಪ್ಪು ಕೋಟು ಹಾಕಿ ಬೀದಿಯಲ್ಲಿ ನಡೆದರೆ, ಇವರು ಯಾರ ಮನೆಗೆ ತಿರುಗುತ್ತಾರೋ ಎಂದು ಕಿಟಕಿಗಳೆಲ್ಲ ಉಸಿರು ಬಿಗಿಹಿಡಿದು ನೋಡುತ್ತವೆ. ಅವರು ಮುಂದಿನ ಮನೆಗೆ ಹೋದರೆ ಸಂತೋಷ, ಆ ಸಂತೋಷಕ್ಕೆ ಮರುಗಳಿಗೆಯೇ ನಾಚಿಕೆ. ಮೀನುಗಾರರ ಊರಿನಲ್ಲಿ ಹುಟ್ಟಿದ ನನಗೆ ಇದನ್ನು ಯಾರೂ ಬಿಡಿಸಿ ಹೇಳಬೇಕಾಗಿಲ್ಲ.

ಸಿನಿಮಾದವರ ಬುದ್ಧಿಗೆ ಏನೆನ್ನಬೇಕೋ! ಒಮ್ಮೆ ಒಬ್ಬನನ್ನು ಪಾದ್ರಿ ಮಾಡಿದರೆ ಮುಗಿಯಿತು, ಸಾಯುವವರೆಗೂ ಅವನು ಪಾದ್ರಿಯೇ. ಮೀನಿನ ಕಾರ್ಖಾನೆಯಲ್ಲಿ ಕಾಡ್ ಮೀನು ಸೀಳುತ್ತಿದ್ದ ಐಲಿವ್ ಊರಿನ ಹಾಸ್ಯ ನಾಟಕಗಳಲ್ಲಿ ಜನರನ್ನು ನಗಿಸಿ ನಗಿಸಿ ಸುಸ್ತು ಮಾಡುತ್ತಿದ್ದವರು. ಆ ಧೈರ್ಯದ ಮೇಲೆಯೇ ಓಸ್ಲೋಗೆ ಹೋದರು. ನಾಟಕ ಶಾಲೆ ಸೇರಿಸಿಕೊಳ್ಳಲಿಲ್ಲ. ಸಣ್ಣಪುಟ್ಟ ಗುಂಪಿನ ದೃಶ್ಯಗಳಲ್ಲಿ ನಿಂತುಕೊಂಡು ಹೊಟ್ಟೆ ಹೊರೆದರು. ಒಂದು ದಿನ ಬಿರುಗಾಳಿಗೆ ದೋಣಿ ನಿಂತುಹೋಗಿ, ಪಾದ್ರಿಯ ಪಾತ್ರ ಮಾಡಬೇಕಿದ್ದವನು ಆಚೆ ದಡದಲ್ಲೇ ಉಳಿದುಬಿಟ್ಟ. "ಈ ಉದ್ದ ಮುಖದವನಿಗೆ ಕೋಟು ಹಾಕಿ ನೋಡ್ರೋ" ಎಂದರಂತೆ ಯಾರೋ. ಹಾಕಿದರು. ಅವತ್ತಿನಿಂದ ಇವತ್ತಿನವರೆಗೆ ಅದು ಮೈಮೇಲಿಂದ ಇಳಿದಿಲ್ಲ.

ನಡುನಡುವೆ ಮಕ್ಕಳ ಚಿತ್ರಗಳಲ್ಲಿ ಕರಡಿಗೂ ಕಡಲಾಮೆಗೂ ಕಂಠ ಕೊಡುತ್ತಾರೆ. ಕೆಲಸವಿಲ್ಲದ ತಿಂಗಳುಗಳಲ್ಲಿ ಶಾಲೆಯ ಬಸ್ಸು ಓಡಿಸುತ್ತಾರೆ. ಮದುವೆಯಾಗಿತ್ತು, ಉಳಿಯಲಿಲ್ಲ. "ನೀವು ಒಳಗೆ ಬಂದಾಗೆಲ್ಲ ಎದೆ ಝಲ್ ಅನ್ನತ್ತೆ, ನನ್ನ ಕೈಲಾಗಲ್ಲ ಅಂತ ಹೇಳಿ ಹೋದ್ಲು" ಎಂದು ಅವರು ನಗುತ್ತಾರೆ. ನನಗೆ ನಗು ಬರಲಿಲ್ಲ.

ಅಂಗಡಿಯಲ್ಲಿಯೂ ಅದೇ ಕತೆ. ಚಿತ್ರೀಕರಣ ಮುಗಿಸಿ, ಕೋಟು ಕಾಲರ್ ಬಿಚ್ಚದ ಅವರೂ ಅವರ ಕತೆ ಬರೆಯಲು ಹೊರಟ ನಾನೂ ಬಂದರಿನ ಕಾಫಿ ಅಂಗಡಿಗೆ ಬಂದಾಗ ಗಲ್ಲಾಪೆಟ್ಟಿಗೆಯ ಹಿಂದಿದ್ದ ತುರ್ಡಿಸ್ ಎರಡೂ ಕೈ ಎತ್ತಿ ಅಡ್ಡ ಹಿಡಿದಳು.

"ಬೇಡಪ್ಪಾ ಬೇಡ! ನನ್ನ ಗಂಡ ಸಮುದ್ರಕ್ಕೆ ಹೋಗಿದಾನೆ. ನೀನು ಹಿಂದಿನ ಬಾಗಿಲಿಂದ ಬಾ!"

"ನಿನ್ನ ಗಂಡನ್ನ ಈಗ ತಾನೇ ನೋಡ್ದೆ. ಬಲೆ ಇಡೋ ಮನೇಲಿ ಕೂತು ಇಸ್ಪೀಟು ಆಡ್ತಿದಾನೆ" ಎಂದರು ಐಲಿವ್.

"ಅಯ್ಯೋ, ಹಾಗಾದ್ರೆ ಅದಕ್ಕಿಂತ ಕೆಟ್ಟ ಸುದ್ದಿ ಇಲ್ಲ ಬಿಡು" ಎಂದು ಅವಳು ಕಂದು ಚೀಸ್ ಹಾಕಿದ ದೋಸೆಯಂಥ ವಾಫಲ್ ಎರಡು ತಂದಿಟ್ಟಳು.

ಊರೆಲ್ಲ ಹೀಗೆ ನಗುವಾಗ ಒಬ್ಬರು ಮಾತ್ರ ಯಾವತ್ತೂ ನಕ್ಕಿಲ್ಲ. ಐಲಿವ್ ಅವರ ತಾಯಿ ಬೋರ್ಗ್‌ಹಿಲ್. ತೊಂಬತ್ಮೂರರ ಈ ಮುದುಕಿ ಇದೇ ಊರಿನ ವೃದ್ಧರ ಆರೈಕೆ ಮನೆಯಲ್ಲಿದ್ದಾರೆ. ಕಿವಿ ಚುರುಕು, ನಾಲಿಗೆ ಅದಕ್ಕಿಂತ ಚುರುಕು. ಮಗ ನಟಿಸಿದ ಒಂದೇ ಒಂದು ದೃಶ್ಯವನ್ನೂ ಅವರು ನೋಡಿಲ್ಲ. ಟೀವಿಯಲ್ಲಿ ಮಗ ಬಂದರೆ ಆಕೆ ಎದ್ದು ಅಡುಗೆಮನೆಗೆ ಹೋಗುತ್ತಿದ್ದರು.

ಕಾರಣವನ್ನು ಐಲಿವ್ ಕಾಫಿ ಲೋಟವನ್ನು ಎರಡೂ ಅಂಗೈಯಲ್ಲಿ ಹಿಡಿದುಕೊಂಡು ನಿಧಾನವಾಗಿ ಹೇಳುತ್ತಾರೆ.

"ನನಗಾಗ ಎಂಟು ವರ್ಷ. ಅಪ್ಪ ಲುದ್ವಿಗ್ ಚಳಿಗಾಲದ ಮೀನಿಗೆ ಹೋದೋರು. ದೋಣಿ ಬರ್ಲಿಲ್ಲ. ಒಂದಿನ ಪಾದ್ರಿ ನಮ್ಮನೆ ಕಡೆ ತಿರುಗಿದ್ದು ಅಮ್ಮ ಕಿಟಕೀಲಿ ನೋಡಿದ್ಲು. ಅಗಳಿ ಹಾಕಿದ್ಲು. ನನ್ನ ಬಾಯಿ ಮುಚ್ಚಿ ಬಾಗಿಲ ಹಿಂದೆ ಕೂರಿಸ್ಕೊಂಡ್ಲು. ಅವರು ತಟ್ಟಿದ್ರು. ಮೆಲ್ಲಗೆ, ಎರಡು ಸಲ. ಬೂಟು ಉಜ್ಜೋದು ಕೇಳಿಸ್ತಿತ್ತು. ಬಾಗಿಲು ತೆಗೀತಾರೆ, ಒಳಗೆ ಹೋಗ್ಬೇಕು ಅಂತ ಆಸೆ ಇಟ್ಕೊಂಡು ಉಜ್ಜ್ತಾನೇ ಇದ್ರು, ಪಾಪ. ಅಮ್ಮ ತೆಗೀಲಿಲ್ಲ."

ಪಾದ್ರಿ ಮತ್ತೆಯೂ ಬಂದರು, ಆಮೇಲೆ ಇನ್ನೊಮ್ಮೆ ಬಂದರು. ಜಪ್ಪಯ್ಯ ಎಂದರೂ ಬೋರ್ಗ್‌ಹಿಲ್ ಬಾಗಿಲು ತೆರೆಯಲಿಲ್ಲ. ಸುದ್ದಿ ಕಿವಿಗೆ ಬೀಳದಿದ್ದರೆ ಗಂಡ ಸತ್ತಂತಾಗುವುದಿಲ್ಲ ಎಂಬುದು ಆಕೆಯ ಹಟ. ಕೊನೆಗೆ ಊರಿನ ಪೊಲೀಸ್ ಅಧಿಕಾರಿಯೇ ಬಂದು, ಲುದ್ವಿಗ್ ಯಾವ ಬಟ್ಟೆ ತೊಟ್ಟಿದ್ದ, ಮೈಮೇಲೆ ಗುರುತು ಏನಿತ್ತು ಎಂದು ಬಾಗಿಲಾಚೆಯಿಂದ ಕೇಳಿದರು. ಎಲ್ಲಿಯಾದರೂ ದಡಕ್ಕೆ ಬಂದರೆ ಗುರುತು ಹಿಡಿಯಬೇಕಲ್ಲ.

"ಅವನು ಬರ್ತಾನೆ, ಅವನನ್ನೇ ಕೇಳ್ಕೊಳ್ಳಿ!" ಎಂದು ಆಕೆ ಒಳಗಿನಿಂದಲೇ ಕೂಗಿದ್ದರಂತೆ.

ಅವನು ಬರಲಿಲ್ಲ. ಆದರೆ ದಡಕ್ಕೆ ಬಂದಿದ್ದ. ಆ ವಸಂತದಲ್ಲಿ ಬಲು ದೂರದ ಗೋಸ್‌ವೇರ್ ದ್ವೀಪದ ತೀರಕ್ಕೆ ಒಂದು ಹೆಣ ತೇಲಿಬಂತು. ಯಾರದೆಂದು ಹೇಳಬಲ್ಲ ಗುರುತು ಯಾರ ಬಳಿಯೂ ಇರಲಿಲ್ಲ. ಅಲ್ಲಿನವರು ಅದನ್ನು ತಮ್ಮ ಚರ್ಚಿನ ಅಂಗಳದಲ್ಲಿ ಮಣ್ಣು ಮಾಡಿ, ಹೆಸರಿಲ್ಲದ ನಾವಿಕ ಎಂದು ಶಿಲುಬೆಯ ಮೇಲೆ ಬರೆದರು. ಆ ಊರಿನ ಹೆಂಗಸರು ವರ್ಷವರ್ಷವೂ ಅಲ್ಲಿ ಹೂ ನೆಟ್ಟರು. ಈಚೆಗೆ ಇಂಥ ಹಳೆಯ ಗೋರಿಗಳನ್ನು ತೆಗೆದು ಮೂಳೆಯಿಂದ ವಂಶ ಪತ್ತೆಮಾಡುವ ಕೆಲಸ ನಡೆಯಿತು. ಐಲಿವ್ ಅವರ ಕೆನ್ನೆಯ ಒಳಗಿನಿಂದಲೂ ಹತ್ತಿಯಲ್ಲಿ ಒರೆಸಿ ಜೊಲ್ಲು ಒಯ್ದಿದ್ದರು. ಕಳೆದ ನವೆಂಬರಿನಲ್ಲಿ ಫೋನು ಬಂತು.

"ಸಿಕ್ಕಿದ್ರಲ್ಲ ಅಂತ ಸಮಾಧಾನ ಆಗ್ಬೇಕಿತ್ತು, ಅಲ್ವಾ? ಆಗ್ಲಿಲ್ಲ. ಅಮ್ಮನಿಗೆ ಹೇಳೋದು ಹೇಗೆ? ಸತ್ತಿದಾರೆ ಅನ್ನೋದು ಅವಳಿಗೂ ಒಳಗೊಳಗೆ ಗೊತ್ತು ಬಿಡಿ. ಆದರೆ ಇಷ್ಟು ವರ್ಷ ದಡದಲ್ಲೇ ಮಲಗಿದ್ರು, ನೀನು ಅವತ್ತು ಒಂದು ಮಾತು ಹೇಳಿದ್ರೆ ಮನೆಗೆ ಬರ್ತಿದ್ರು... ಇದನ್ನ ಯಾವ ಬಾಯಲ್ಲಿ ಹೇಳ್ಲಿ?"

ಬದುಕಿಡೀ ಕಂಡವರ ಬಾಗಿಲಿಗೆ ಸಾವು ಹೊತ್ತು ತಿರುಗಿದ ಮನುಷ್ಯನಿಗೆ ಸ್ವಂತ ಅಮ್ಮನ ಕೋಣೆಯ ಬಾಗಿಲು ದಾಟುವುದು ಕಷ್ಟವಾಯಿತು. ಓಸ್ಲೋದಿಂದ ಬಂದರು. ದಿನಾ ಹೋಗಿ ಅಮ್ಮನ ಎದುರು ಕೂತು, ಹವಾಮಾನ ಮಾತಾಡಿ, ಎದ್ದು ಬಂದರು. ಡಿಸೆಂಬರಿನ ಒಂದು ಮಧ್ಯಾಹ್ನ ಮುದುಕಿಯೇ ಹೆಣಿಗೆ ಕಡ್ಡಿ ಕೆಳಗಿಟ್ಟು ಕೇಳಿದರು.

"ಏನೋ ನುಂಗ್ಕೊಂಡು ಕೂತಿದೀಯಲ್ಲ. ಅವನ ಸುದ್ದಿನಾ?"

ಐಲಿವ್ ಬಾಯಿ ತೆರೆಯುವಷ್ಟರಲ್ಲೇ ಆಕೆ ಕೈಯೆತ್ತಿ ತಡೆದರು.

"ನಿನ್ನ ಬಾಯಿಂದ ಬೇಡ. ಮಗ ಹೇಳೋ ಮಾತಲ್ಲ ಅದು. ಪಾದ್ರಿ ಬಂದು ಹೇಳ್ಬೇಕು."

"ಹಾಗಾದ್ರೆ ಮಾರೆನ್‌ಗೆ ಹೇಳಿ ಕಳಿಸ್ತೀನಮ್ಮಾ." ಮಾರೆನ್ ಈಗ ನಮ್ಮ ಊರಿನ ಪಾದ್ರಿ. ಮೀನುಗಾರನ ಮಗಳು, ಮೋಟಾರು ದೋಣಿ ಓಡಿಸುವುದರಲ್ಲಿ ಗಂಡಸರನ್ನು ಮೀರಿಸಿದವಳು.

"ಆ ಹುಡುಗಿ ನನ್ನ ಕಣ್ಮುಂದೆ ಹುಟ್ಟಿದ್ದು. ಅವಳ ಮೂಗು ಒರೆಸಿದೀನಿ ನಾನು, ಅವಳೇನು ಹೇಳ್ತಾಳೆ! ನೀನು ಟೀವೀಲಿ ಆಗ್ತೀಯಂತಲ್ಲ, ಹಾಗೆ ಬಾ. ಚೆನ್ನಾಗಿ ಮಾಡ್ತಾನೆ ಅಂತ ಇಲ್ಲಿ ದಾದಿಯರೆಲ್ಲ ಹೇಳ್ತಾರೆ. ಹೊರಗಡೆಯಿಂದ ಬಾ. ತಟ್ಟಿ ಬಾ."

ಐಲಿವ್ ನೇರ ಮಾರೆನ್ ಮನೆಗೆ ಹೋದರು. ವೇಷ ಕಟ್ಟಿ ಹೋಗುವುದು ತಪ್ಪಾಗುತ್ತದೆಯೇ ಎಂದು ಕೇಳಿದರು. ಅವಳು ಒಳಗೆ ಹೋಗಿ ತನ್ನದೇ ಕಾಲರ್ ತಂದುಕೊಟ್ಟಳು. "ಕತ್ತಿಗೆ ಬಿಗಿ ಆಗಬಹುದು. ತಡ್ಕೊಳ್ಳಿ" ಎಂದಳು.

ಇನ್ನೊಂದು ಪ್ರಶ್ನೆಯೂ ಇತ್ತು. ಅದನ್ನು ಕೇಳಲು ಈ ಮನುಷ್ಯನಿಗೆ ನಾಚಿಕೆಯಾಯಿತಂತೆ. "ಬಾಗಿಲು ತೆಗೀತಿದ್ದ ಹಾಗೇ ಕಟ್ ಅಂತಾರೆ ನಮ್ಮವರು. ಆ ಹೆಂಗಸು ಬಾಯಿಗೆ ಕೈ ಇಟ್ಟಳಾ, ನನ್ನ ಕೆಲಸ ಮುಗೀತು, ನಾನು ಕಾಫಿ ಕುಡಿಯೋಕೆ ಹೋಗ್ತೀನಿ. ಆಮೇಲೆ ಪಾದ್ರಿ ಏನ್ ಮಾಡ್ತಾನೆ ಅಂತ ನನಗೆ ಗೊತ್ತೇ ಇಲ್ಲ. ನಲವತ್ತು ವರ್ಷ ಆಯ್ತು, ಯಾರೂ ನನಗೆ ಒಳಗೆ ಹೋಗೋ ದೃಶ್ಯ ಕೊಟ್ಟಿಲ್ಲ."

ಮಾರೆನ್ ಹೇಳಿದ್ದು ಇಷ್ಟೇ: "ಏನೂ ಮಾಡಲ್ಲ. ಕೂತ್ಕೋತೀವಿ. ಕೇಳಿದ್ದಕ್ಕೆ ಸುಳ್ಳು ಹೇಳಲ್ಲ. ಕಾಫಿ ಕೊಟ್ರೆ ಕುಡೀತೀವಿ."

ಮಾರನೆಯ ದಿನ ಐಲಿವ್ ಕಪ್ಪು ಕೋಟು ತೊಟ್ಟು ತಾವು ತಂಗಿದ್ದ ವಸತಿಯಿಂದ ಆರೈಕೆ ಮನೆಯವರೆಗೆ ಊರ ಬೀದಿಯಲ್ಲಿ ನಡೆದರು. ನಾನು ನಮ್ಮನೆಯ ಕಿಟಕಿಯಲ್ಲಿದ್ದೆ, ನನ್ನ ಕಣ್ಣಾರೆ ಕಂಡೆ. ನಮ್ಮ ಐಲಿವ್ ಎಂದು ಗೊತ್ತಿದ್ದೂ ಎದೆ ಹಿಡಿದುಕೊಂಡಿತು. ಬೀದಿಯಲ್ಲಿ ಯಾರೂ ತಮಾಷೆ ಮಾಡಲಿಲ್ಲ. ತುರ್ಡಿಸ್ ಅಂಗಡಿಯಿಂದ ಹೊರಗೆ ಬಂದು, ಕೈಯೊರೆಸಿಕೊಂಡು, ಸುಮ್ಮನೆ ನಿಂತಳು.

ಒಳಗೆ ನಡೆದದ್ದನ್ನು ಇವತ್ತು ಮೊದಲ ಸಲ ಹೇಳುತ್ತಿದ್ದೇನೆ ಎನ್ನುತ್ತಾರೆ ಐಲಿವ್. ಬರೆಯಬಹುದೇ ಎಂದು ಕೇಳಿದೆ. ಆಮೇಲೆ ಅವರೇ ಅಮ್ಮನನ್ನು ಕೇಳಿಕೊಂಡು ಬಂದು, ಬರೆಯಬಹುದು ಎಂದರು.

"ತಟ್ಟಿದೆ. ಟೋಪಿ ತೆಗೆದೆ. 'ಬನ್ನಿ' ಅಂದ್ಲು. ಬಹುವಚನ! ನನ್ನಮ್ಮ ನನಗೆ ಬಹುವಚನ ಹಚ್ಚಿದ್ದು ಹುಟ್ಟಿದಾಗಿಂದ ಅದೇ ಮೊದಲು. ಭಾನುವಾರದ ರವಿಕೆ ಹಾಕ್ಕೊಂಡು, ತಲೆ ಬಾಚ್ಕೊಂಡು, ನೆಟ್ಟಗೆ ಕೂತಿದ್ಲು. ನಾನು ಹೇಳ್ದೆ. ನಿಮ್ಮ ಗಂಡ ಲುದ್ವಿಗ್ ನೂರ್ಬಾಕ್ ಸಿಕ್ಕಿದಾರೆ, ತೀರಿಕೊಂಡಿದಾರೆ, ಗೋಸ್‌ವೇರ್ ಚರ್ಚಿನ ಅಂಗಳದಲ್ಲಿದಾರೆ ಅಂತ. ಧ್ವನಿ ಹೇಗೋ ನಡುಗಲಿಲ್ಲ. 'ಯಾವಾಗಿಂದ?' ಅಂದ್ಲು. ಅದೇ ಪ್ರಶ್ನೆಗೆ ಹೆದರ್ತಿದ್ದೆ ನಾನು. ಮಗ ಆಗಿದ್ರೆ ಸುಳ್ಳು ಹೇಳ್ತಿದ್ದೆ, ಆಣೆಗೂ ಹೇಳ್ತಿದ್ದೆ. ಅವಳಿಗೂ ಅದು ಗೊತ್ತಿತ್ತು, ಅದಕ್ಕೇ ಮಗ ಬೇಡ ಅಂದಿದ್ದು. 'ಆ ವರ್ಷದ ವಸಂತದಿಂದ' ಅಂದೆ."

ಅವರು ಕಿಟಕಿಯ ಕಡೆ ತಿರುಗುತ್ತಾರೆ. ಕೆಳಗೆ ಬಂದರಿನಲ್ಲಿ ಯಾರೋ ಒಂದು ದೋಣಿಯ ಹಗ್ಗ ಬಿಚ್ಚುತ್ತಿದ್ದಾರೆ.

"ಅವಳು ಅಳ್ಲಿಲ್ಲ. ಬಾಯಿಗೆ ಕೈ ಇಡ್ಲಿಲ್ಲ. ನಮ್ಮ ಸಿನಿಮಾದವರು ಮಾಡಿಸೋದು ಯಾವುದೂ ಮಾಡ್ಲಿಲ್ಲ. ಕೈ ನೋಡ್ಕೊಂಡು ಕೂತ್ಲು. ನಾನೂ ಕೂತೆ. ಎಷ್ಟು ಹೊತ್ತೋ ಗೊತ್ತಿಲ್ಲ, ಕಿಟಕೀಲಿ ಕತ್ತಲಾಯ್ತು. ಆಮೇಲೆ ದಾದಿಯನ್ನ ಕರೆದು 'ಪಾದ್ರಿಗಳಿಗೆ ಕಾಫಿ ತಗೊಂಬಾ' ಅಂದ್ಲು. ಕುಡಿದೆ. ಕೊನೆಗೆ, ನನ್ನ ಮುಖ ನೋಡದೇನೇ, ಕತ್ತಿನ ಕಾಲರ್ ನೋಡ್ಕೊಂಡು ಹೇಳಿದ್ಲು: 'ಅವತ್ತು ನಿಮ್ಮನ್ನ ಹೊರಗೇ ನಿಲ್ಲಿಸಿಬಿಟ್ಟೆ. ಅಷ್ಟು ಸಲ ಬಂದ್ರಿ. ಗಾಳಿ ಹಾಗಿತ್ತು, ನೀವು ಚಳೀಲಿ ನಡುಗ್ತಿದ್ರಿ, ನನಗೆ ಒಳಗೆ ಕೇಳಿಸ್ತಿತ್ತು. ಮನಸ್ಸಿಗೆ ಹಚ್ಕೋಬೇಡಿ.'"

"ನೀವೇನಂದ್ರಿ?" ಎಂದು ಕೇಳುತ್ತೇನೆ.

ಐಲಿವ್ ಕತ್ತಿನ ಕಾಲರ್ ಸಡಿಲಿಸಿ ಮೇಜಿನ ಮೇಲಿಡುತ್ತಾರೆ. ನಲವತ್ತು ವರ್ಷ ಯಾರೋ ಬರೆದುಕೊಟ್ಟ ಮಾತು ಹೇಳಿದವರು ಅವತ್ತು ತಾವೇ ಆಡಿದ ಮಾತನ್ನು ಮತ್ತೊಮ್ಮೆ ಮೆಲ್ಲಗೆ ಹೇಳುತ್ತಾರೆ.

"'ಇಲ್ಲ ಬೋರ್ಗ್‌ಹಿಲ್, ನನಗೆ ಚಳಿ ಆಗ್ಲೇ ಇಲ್ಲ' ಅಂದೆ."