ಎದುರು ಮನೆಯ ನಟ
ಅಮೆರಿಕದ ಫ್ರೀಮಾಂಟಿನ ನಮ್ಮ ಅಪಾರ್ಟ್‌ಮೆಂಟಿನಲ್ಲಿ ಎದುರು ಮನೆಯವರು ಪ್ರಿಚರ್ಡ್, ಲಂಡನ್ನಿನಿಂದ ಬಂದು ನೆಲೆಸಿದ ಎಂಬತ್ತು ವರ್ಷದ ನಟ. ಒಂಬತ್ತು ಸಲ ನ್ಯಾಯಾಧೀಶರಾಗಿ, ಹದಿನಾಲ್ಕು ಸಲ ಪಾದ್ರಿಯಾಗಿ, ಲೆಕ್ಕವಿಲ್ಲದಷ್ಟು ಸಲ ಹೆಣವಾಗಿ ತೆರೆಯ ಮೇಲೆ ಬಂದವರು. ಪ್ರೇಕ್ಷಕರಲ್ಲಿ ಅವರ ಹೆಸರು ಮಾತ್ರ ಯಾರಿಗೂ ಗೊತ್ತಿಲ್ಲ. "ಹೆಣವಾಗುವುದೇ ಕಷ್ಟ, ಉಸಿರಾಡಬಾರದು ನೋಡಿ," ಎನ್ನುತ್ತಿದ್ದರು. ಹಾಲು ತರಲು ಹೊರಟರೂ ಕೋಟು ತೊಟ್ಟು, ಬೀಗವನ್ನು ಮೂರು ಸಲ ಎಳೆದು ನೋಡಿ, ಹಳೆಯ ಸಿನಿಮಾದ ತೀರ್ಪೊಂದನ್ನು ಗಟ್ಟಿಯಾಗಿ ಹೇಳುತ್ತ ಮೆಟ್ಟಿಲಿಳಿಯುವರು. ಕಳೆದ ತಿಂಗಳು ಒಂದು ಮಧ್ಯಾಹ್ನ ನಮ್ಮ ಬಾಗಿಲು ತಟ್ಟಿ, "ಈ ದೃಶ್ಯದಲ್ಲಿ ನನ್ನ ಮನೆ ಯಾವುದು?" ಎಂದು ಕೇಳಿದರು. ತಮಾಷೆಯೆಂದು ನಾನು ನಕ್ಕೆ. "ನಗ್ಬೇಡಿ ರೀ. ಅವರು ನಿಜವಾಗ್ಲೂ ಕೇಳ್ತಿದ್ದಾರೆ," ಎಂದಳು ಹೆಂಡತಿ ಹೇಮಶ್ರೀ. ಇಬ್ಬರೂ ಅವರನ್ನು ಎದುರಿನ ಅವರದೇ ಮನೆಯೊಳಗೆ ಕರೆದೊಯ್ದೆವು. ಗೋಡೆಯ ತುಂಬ ಚೀಟಿಗಳು. ಕನ್ನಡಿಗೆ ಅಂಟಿಸಿದ್ದ ಚೀಟಿಯಲ್ಲಿ ಅವರದೇ ಅಕ್ಷರ: "ಇವನು ನೀನೇ. ಹೆದರಬೇಡ."